ಪದ್ಯ ಕಡಿಯದೆ ‘ಊರುಭಂಗ’ ಆಡಿಸಿದ ಬಗೆ: ನನ್ನ ಅನುಭವ

ತೊಡೆ ಮುರಿದು ಬಿದ್ದ ದುರ್ಯೋಧನನ ಕೊನೆಯ ಗಳಿಗೆಗಳನ್ನು ಹೇಳುವ, ಭಾಸನ ಸಂಸ್ಕೃತ ನಾಟಕ ‘ಊರುಭಂಗ’ವನ್ನು ವೃತ್ತ, ಕಂದ ಎಂಬ ಛಂದೋಬದ್ಧ ಪದ್ಯಗಳ ಸಮೇತ, ಧ್ವನಿವರ್ಧಕವಿಲ್ಲದೆ, ಊರ ಬಯಲಿನಲ್ಲಿ ಆಡಿಸುತ್ತೇನೆಂದು 2015ರಲ್ಲಿ ನಾನು ಹೇಳಿದಾಗ, ನನಗಿಂತ ಹಿರಿಯರಾದ ಇಬ್ಬರು ನಿರ್ದೇಶಕರು ಬೇರೆ ಬೇರೆ ಸಂದರ್ಭಗಳಲ್ಲಿ ಒಂದೇ ಬುದ್ಧಿಮಾತು ಹೇಳಿದರು: ಪದ್ಯವನ್ನೆಲ್ಲ ಗದ್ಯ ಮಾಡಿಕೋ, ಮಿಕ್ಕದ್ದನ್ನು ಹಾಡು ಮಾಡು, ಇಲ್ಲದಿದ್ದರೆ ಹತ್ತನೆಯ ನಿಮಿಷಕ್ಕೆ ಬಯಲು ಖಾಲಿಯಾಗುತ್ತದೆ. ಮೊದಲ ವರ್ಷ ಅವರ ಮಾತೇ ನಿಜವಾಯಿತು. ಆದರೆ ಇಂದು ಆ ನಾಟಕದ ಪ್ರಯೋಗಗಳು ಎಂಬತ್ತನ್ನು ದಾಟಿವೆ, ಮತ್ತು ಅರವತ್ತಕ್ಕೂ ಹೆಚ್ಚು ಶ್ಲೋಕಗಳಿರುವ ಮೂಲದಿಂದ ನಾನು ಕೈಬಿಟ್ಟಿರುವುದು ಎಂಟೋ ಒಂಬತ್ತೋ ಮಾತ್ರ. ಇದು ಹೇಗೆ ಸಾಧ್ಯವಾಯಿತೆಂದು ಕೇಳುವವರು ಹೆಚ್ಚಾಗಿರುವುದರಿಂದ, ಸಂಸ್ಕೃತ ನಾಟಕವನ್ನೋ ಹಳಗನ್ನಡ ಕಾವ್ಯವನ್ನೋ ರಂಗಕ್ಕೆ ತರುತ್ತಿರುವ ಗೆಳೆಯರಿಗಾಗಿ ಬರೆಯುತ್ತಿದ್ದೇನೆ. ನಾಟ್ಯಶಾಸ್ತ್ರದ ಮತ್ತು ಛಂದಸ್ಸಿನ ಪರಿಭಾಷೆಯನ್ನು ಬೇಕಾದಷ್ಟೇ ವಿವರಿಸುತ್ತೇನೆ.

ಮೊದಲು ನಷ್ಟದ ಲೆಕ್ಕ ಹೇಳಬೇಕು, ಏಕೆಂದರೆ ನನ್ನ ವಿಧಾನ ಹುಟ್ಟಿದ್ದು ದುಡ್ಡು ಮುಗಿದ ಮೇಲೆ. 2004ರಲ್ಲಿ ಶಾಕುಂತಲ ಮಾಡಿದಾಗ ಕಣ್ವಾಶ್ರಮಕ್ಕೆಂದು ಬಿದಿರಿನ ಕುಟೀರ, ದುಷ್ಯಂತನಿಗೆ ಚಕ್ರವಿರುವ ರಥ, ಹೂಬಳ್ಳಿಗಳ ಹಿಂಪರದೆ ಎಲ್ಲವನ್ನೂ ಮಾಡಿಸಿದೆ. ಒಟ್ಟು ಒಂದು ಲಕ್ಷ ಅರವತ್ತು ಸಾವಿರದಷ್ಟು ಖರ್ಚಾಯಿತು. ಮೂರೇ ಪ್ರಯೋಗ ನಡೆದು, ಸುಮಾರು ತೊಂಬತ್ತು ಸಾವಿರ ರೂಪಾಯಿ ನನ್ನ ತಲೆಯ ಮೇಲೆ ಬಿತ್ತು. ಮನೆಯವರ ನಾಲ್ಕು ಬಳೆ ಗಿರವಿಗೆ ಹೋದವು, ಬಿಡಿಸಿಕೊಳ್ಳಲು ಎರಡೂವರೆ ವರ್ಷ ಬೇಕಾಯಿತು. 2011ರಲ್ಲಿ ಮೃಚ್ಛಕಟಿಕದ ಹತ್ತು ಅಂಕಗಳನ್ನು ಮೂರು ಗಂಟೆಗೆ ಇಳಿಸಿ ಆಡಿಸಿದೆ. ಜನ ನಕ್ಕರು, ಚಪ್ಪಾಳೆ ತಟ್ಟಿದರು, ಆದರೆ ಇಪ್ಪತ್ತೆರಡು ಜನರ ತಂಡಕ್ಕೆ ಊಟ, ಬಸ್ಸು, ವಸತಿ ಎಂದು ಪ್ರತಿ ಪ್ರಯೋಗಕ್ಕೂ ಆರೇಳು ಸಾವಿರ ಕೈಬಿಟ್ಟಿತು. ಬರಬೇಕಾಗಿದ್ದ ಒಂದು ಅನುದಾನ ಎರಡು ವರ್ಷ ತಡವಾಗಿ, ಅರ್ಧಕ್ಕಿಂತ ಕಡಿಮೆಯಾಗಿ ಬಂತು. ಅಂದಿನಿಂದ ನಾನು ಎರಡು ನಿಯಮ ಹಾಕಿಕೊಂಡೆ: ಒಂದು ವ್ಯಾನಿನಲ್ಲಿ ಹಿಡಿಸದ ನಾಟಕವನ್ನು ಮಾಡುವುದಿಲ್ಲ, ಅನುದಾನವನ್ನು ನಂಬಿ ತಾಲೀಮು ಆರಂಭಿಸುವುದಿಲ್ಲ.

‘ಊರುಭಂಗ’ವನ್ನು ಆರಿಸಿಕೊಂಡದ್ದರಲ್ಲಿ ಈ ಲೆಕ್ಕವೂ ಇತ್ತು. ಒಂದೇ ಅಂಕ, ಒಂದೇ ಸ್ಥಳ, ಒಂದೇ ಸಂಜೆ. ಆದರೆ ಮುಖ್ಯ ಕಾರಣ ಬೇರೆ. ತಿರುವನಂತಪುರದ ಗಣಪತಿ ಶಾಸ್ತ್ರಿಗಳು ಭಾಸನವೆನ್ನಲಾದ ನಾಟಕಗಳನ್ನು 1912ರಿಂದ ಅಚ್ಚು ಹಾಕಿಸುವ ತನಕ ಈ ಕೃತಿ ಹೊರಗಿನವರಿಗೆ ಗೊತ್ತೇ ಇರಲಿಲ್ಲ, ಆದರೆ ಕನ್ನಡದ ಪ್ರೇಕ್ಷಕನಿಗೆ ಇದರ ದುರ್ಯೋಧನ ಹೊಸಬನಲ್ಲ. ಸಾವಿರ ವರ್ಷದ ಹಿಂದೆಯೇ ರನ್ನನು ಯುದ್ಧಭೂಮಿಯಲ್ಲಿ ನಡೆಯುತ್ತ ಸತ್ತವರಿಗಾಗಿ ಅಳುವ, ಶತ್ರುವಿನ ಮಗ ಅಭಿಮನ್ಯುವಿನ ಶೌರ್ಯಕ್ಕೂ ತಲೆಬಾಗುವ ದುರ್ಯೋಧನನನ್ನು ನಮಗೆ ಕೊಟ್ಟಿದ್ದಾನೆ. ಪಂಪನು ಛಲಕ್ಕೆ ಅವನನ್ನೇ ಮೊದಲಿಗನನ್ನಾಗಿ ಎಣಿಸಿದ್ದಾನೆ. ತೊಡೆ ಮುರಿದು ಬಿದ್ದವನು ಸಿಟ್ಟಿಗೆದ್ದ ಬಲರಾಮನನ್ನು ತಾನೇ ಸಮಾಧಾನಪಡಿಸುವ ದೃಶ್ಯವನ್ನು ಒಪ್ಪಿಕೊಳ್ಳಲು ಬೇರೆ ಸೀಮೆಯವರಿಗೆ ಪೀಠಿಕೆ ಬೇಕಾಗಬಹುದು, ನಮ್ಮವರಿಗೆ ಬೇಕಾಗುವುದಿಲ್ಲವೆಂಬ ಧೈರ್ಯ ನನಗಿತ್ತು.

ಅನುವಾದವನ್ನು ನಿವೃತ್ತ ಸಂಸ್ಕೃತ ಅಧ್ಯಾಪಕರೊಬ್ಬರ ಎದುರು ಕುಳಿತು ನಾನೇ ಮಾಡಿಕೊಂಡೆ. ಹನ್ನೊಂದು ತಿಂಗಳು ಹಿಡಿಯಿತು. ಆರಂಭದಲ್ಲಿ ಎಲ್ಲ ಪದ್ಯಗಳಿಗೂ ದ್ವಿತೀಯಾಕ್ಷರ ಪ್ರಾಸ, ಅಂದರೆ ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ಒಂದೇ ವ್ಯಂಜನ, ಇರಲೇಬೇಕೆಂದು ಹಟ ಹಿಡಿದು ಇಪ್ಪತ್ತು ಪದ್ಯ ಬರೆದೆ, ಓದಿ ನೋಡಿದರೆ ಪ್ರಾಸಕ್ಕಾಗಿ ತುರುಕಿದ ಶಬ್ದಗಳೇ ನಟನ ನಾಲಿಗೆಗೆ ಕಲ್ಲಾಗಿ ಸಿಕ್ಕುತ್ತಿದ್ದವು. ಕೊನೆಗೆ ಕಂದಗಳಲ್ಲಿ ಮಾತ್ರ ಪ್ರಾಸ ಇಟ್ಟು, ವೃತ್ತಗಳಲ್ಲಿ ಗಣವನ್ನು, ಅಂದರೆ ಗುರು ಲಘು ಅಕ್ಷರಗಳ ಕ್ರಮವನ್ನು, ಮಾತ್ರ ಕಾಪಾಡಿಕೊಂಡೆ. ವಿದ್ವಾಂಸರು ಕೆಲವರು ಇದನ್ನು ಇಂದಿಗೂ ಒಪ್ಪಿಲ್ಲ. ಓದುವ ಪುಸ್ತಕವಾದರೆ ಅವರ ಮಾತು ಸರಿ, ಆದರೆ ಕಿವಿಗೆ ಒಮ್ಮೆ ಮಾತ್ರ ಬಿದ್ದು ಹೋಗುವ ಪದ್ಯದಲ್ಲಿ ಅನ್ವಯ, ಅಂದರೆ ಪದಗಳು ಅರ್ಥಕ್ಕಾಗಿ ಕೂಡಿಕೊಳ್ಳುವ ಬಗೆ, ಸಡಿಲವಾಗಿರಬೇಕೆಂಬುದು ನನ್ನ ನಿಲುವು.

2016ರ ಮೊದಲ ಪ್ರಯೋಗದಲ್ಲಿ ಮಾಡಬಾರದ್ದನ್ನೆಲ್ಲ ಮಾಡಿದೆ. ನಟರಿಗೆ ಕಾಲರ್ ಮೈಕು ಬಾಡಿಗೆಗೆ ತಂದೆ, ವೆಲ್ವೆಟ್ಟು ಜರಿಯ ಉಡುಪುಗಳನ್ನು ಪ್ರಯೋಗಕ್ಕೆ ಹದಿನಾಲ್ಕು ಸಾವಿರ ಕೊಟ್ಟು ತರಿಸಿದೆ, ಪದ್ಯಗಳಿಗೆ ರಾಗ ಕಟ್ಟಿಸಿ ಹಾರ್ಮೋನಿಯಂ ಸೇರಿಸಿದೆ. ಒಂದು ತಾಲ್ಲೂಕು ಕೇಂದ್ರದ ಮೈದಾನದಲ್ಲಿ ನೂರೆಂಬತ್ತು ಜನ ಸೇರಿದ್ದರು. ಜನರೇಟರಿನ ಸದ್ದು ಮೈಕಿನೊಳಗೆ ಹೊಕ್ಕಿತು. ಮೂವರು ಭಟರು ರಣರಂಗವನ್ನು ಬಣ್ಣಿಸುವ ಮೊದಲ ಭಾಗ ಹಾಡಿನ ಮೇಲೆ ಹಾಡಾಗಿ ಇಪ್ಪತ್ತೆಂಟು ನಿಮಿಷ ಎಳೆಯಿತು. ದುರ್ಯೋಧನ ರಂಗಕ್ಕೆ ಬರುವ ಹೊತ್ತಿಗೆ ಅರವತ್ತು ಜನ ಉಳಿದಿದ್ದರು, ಅವರಲ್ಲಿ ಇಪ್ಪತ್ತು ಮಂದಿ ನಮ್ಮ ನೆಂಟರು. ಇದೇ ಬಗೆಯಲ್ಲಿ ಇನ್ನೂ ಐದು ಪ್ರಯೋಗ ಮಾಡಿ, ಒಟ್ಟು ಎಪ್ಪತ್ತು ಸಾವಿರದ ಆಸುಪಾಸು ಕಳೆದುಕೊಂಡು ನಿಲ್ಲಿಸಿದೆ.

ನಿಲ್ಲಿಸಿದ ಆ ಎಂಟು ತಿಂಗಳಲ್ಲೇ ನನಗೆ ದಾರಿ ಕಂಡದ್ದು. ಬಲರಾಮನ ಪಾತ್ರಧಾರಿ ಗಟ್ಟಿ ಎದೆಯ ಮನುಷ್ಯ, ಒಳ್ಳೆಯ ಕಂಠ. ಆದರೂ ಶಾರ್ದೂಲವಿಕ್ರೀಡಿತವೆಂಬ ಉದ್ದ ಸಾಲಿನ ವೃತ್ತದ ಪದ್ಯದಲ್ಲಿ ಮೂರನೆಯ ಪಾದಕ್ಕೆ (ಸಾಲಿಗೆ) ಬರುವಾಗ ಅವನ ಉಸಿರು ಕಟ್ಟುತ್ತಿತ್ತು, ಅರ್ಥವೂ ಅಲ್ಲೇ ಹರಿದುಹೋಗುತ್ತಿತ್ತು. ಸಂಸ್ಕೃತದಲ್ಲಿ ಆ ವೃತ್ತಕ್ಕೆ ಹನ್ನೆರಡನೆಯ ಅಕ್ಷರದಲ್ಲಿ ಯತಿ, ಅಂದರೆ ನಿಲ್ಲುವ ಜಾಗ, ಇದೆ, ಸ್ರಗ್ಧರೆಯೆಂಬ ವೃತ್ತಕ್ಕೆ ಏಳೇಳು ಅಕ್ಷರಕ್ಕೆ ಇದೆ, ಹಾಗಾಗಿ ಅಲ್ಲಿ ಉಸಿರಿಗೆ ಕವಿಯೇ ಜಾಗ ಬಿಟ್ಟಿರುತ್ತಾನೆ. ಕನ್ನಡ ಕವಿಗಳು ಮೊದಲಿನಿಂದಲೂ ಯತಿಯನ್ನು ಲೆಕ್ಕಕ್ಕೆ ಇಟ್ಟುಕೊಂಡವರಲ್ಲ, ಪದ ಪಾದವನ್ನೇ ದಾಟಿ ಹೋಗುತ್ತದೆ, ನನ್ನ ಅನುವಾದದಲ್ಲೂ ಹಾಗೆಯೇ ಆಗಿತ್ತು. ಆದರೆ ನಟರನ್ನು ನಾನು ಕೂರಿಸಿಕೊಂಡು ಕಲಿಸಿದ್ದು ಪಾದದ ಕೊನೆಗೆ ನಿಲ್ಲುವ ಶಾಲೆಯ ವಾಚನವನ್ನು. ತಪ್ಪು ನನ್ನ ಪಾಠದಲ್ಲೇ ಇತ್ತು. ಕಾವ್ಯವನ್ನು ರಾಗವಾಗಿ ವಾಚಿಸುವ ಗಮಕಿಯಾದ ಗೆಳೆಯರೊಬ್ಬರು ಕುಮಾರವ್ಯಾಸನನ್ನು ಓದುವುದನ್ನು ಮೂರು ಸಂಜೆ ಕುಳಿತು ಕೇಳಿ, ಅವರು ಎಲ್ಲೆಲ್ಲಿ ಉಸಿರೆಳೆಯುತ್ತಾರೆಂದು ಪೆನ್ಸಿಲಿನಲ್ಲಿ ಗುರುತು ಹಾಕಿಕೊಂಡೆ. ಗುರುತು ಬಿದ್ದದ್ದು ಸಾಲಿನ ತುದಿಗೆ ಅಪರೂಪ, ಅನ್ವಯ ಕೂಡಿಕೊಳ್ಳುವ ಕಡೆಯೇ ಹೆಚ್ಚು. ಕುಮಾರವ್ಯಾಸನ ಷಟ್ಪದಿಗೂ ನಮ್ಮ ವೃತ್ತಕ್ಕೂ ಲಯ ಬೇರೆಯಾದರೂ ಉಸಿರಿನ ನ್ಯಾಯ ಒಂದೇ ಎಂದು ನನಗೆ ಅಂದು ತಿಳಿಯಿತು.

ಆಮೇಲೆ ಇಡೀ ಪಠ್ಯವನ್ನು ಹೊಸದಾಗಿ ಬರೆಸಿದೆ. ಪ್ರತಿ ಪದ್ಯವನ್ನೂ ನಾಲ್ಕು ಸಾಲಾಗಿ ಬರೆಯದೆ, ಒಂದು ಉಸಿರಿಗೆ ಒಂದು ಸಾಲಿನಂತೆ ಬರೆಸಿದೆ, ಕೆಲವು ವೃತ್ತಗಳು ಏಳು ಸಾಲಾದವು, ಕೆಲವು ಮೂರೇ ಆದವು. ಆದರೆ ಈ ಹಾಳೆಯನ್ನು ನಟರ ಕೈಗೆ ನಾಲ್ಕನೆಯ ವಾರದವರೆಗೆ ಕೊಡುವುದಿಲ್ಲ. ಮೊದಲ ಎರಡು ವಾರ ಕಿವಿಯಿಂದಲೇ ಕಲಿಕೆ: ನಾನು ಹೇಳಬೇಕು, ಅವರು ಹೇಳಬೇಕು, ರಾಗವಿಲ್ಲ, ತಾಳವಿಲ್ಲ, ಅರ್ಥದ ಚರ್ಚೆಯೂ ಇಲ್ಲ. ಮೂರನೆಯ ವಾರ ಗುರು ಲಘುಗಳನ್ನು (ಎರಡು ಮಾತ್ರೆಯ, ಒಂದು ಮಾತ್ರೆಯ ಅಕ್ಷರಗಳನ್ನು) ಕಾಲಿಗೆ ಇಳಿಸುತ್ತೇನೆ, ಅಂದರೆ ಪದ್ಯ ಹೇಳುತ್ತ ನಡೆಯಬೇಕು, ಗುರುವಿಗೆ ಪೂರ್ತಿ ಅಂಗಾಲು, ಲಘುವಿಗೆ ಮುಂಗಾಲು. ಇದರಿಂದ ಒಂದು ವಾರ ಎಲ್ಲರ ನಡಿಗೆಯೂ ವಿಕಾರವಾಗಿ ಕಾಣುತ್ತದೆ, ಹೆದರಬಾರದು. ನಾಲ್ಕನೆಯ ವಾರ ಕಾಲನ್ನು ನಿಲ್ಲಿಸಿದಾಗ ಲಯ ಮೈಯಲ್ಲಿ ಉಳಿದುಕೊಂಡು ಮಾತು ಮಾತಾಗಿ ಬರುತ್ತದೆ. ಐದನೆಯ ವಾರ ಅರ್ಥ, ಆರು ಮತ್ತು ಏಳನೆಯ ವಾರಗಳಲ್ಲಿ ದೃಶ್ಯ ಸಂಯೋಜನೆ. ನಾಲ್ಕರಿಂದ ಐದಕ್ಕೆ ಹೋಗುವ ನಡುವೆ ಮೂರು ದಿನದ ಒಂದು ಅಭ್ಯಾಸವಿದೆ. ಅದನ್ನು ಕಾಗದದ ಮೇಲೆ ನೋಡಿ ಮಾಡಿದವರು ಗಂಟಲು ಕೆಡಿಸಿಕೊಂಡದ್ದನ್ನು ಕಂಡಿರುವುದರಿಂದ ಇಲ್ಲಿ ಬರೆಯುವುದಿಲ್ಲ. ನಮ್ಮ ತಾಲೀಮಿಗೆ ಬಂದು ಜೊತೆಗೆ ಕೂತವರಿಗೆ ಖಂಡಿತ ಹೇಳಿಕೊಡುತ್ತೇನೆ.

ಎಲ್ಲರೂ ಕತ್ತರಿ ಹಾಕುವ ಜಾಗ ಆ ಮೂವರು ಭಟರ ಭಾಗ. ಆನೆಗಳ ಹೆಣ, ಹದ್ದುಗಳು, ಮುರಿದ ರಥಗಳು, ಯುದ್ಧವೇ ಒಂದು ಯಜ್ಞವೆಂಬ ರೂಪಕ ಇವೆಲ್ಲ ಪದ್ಯದ ಮೇಲೆ ಪದ್ಯವಾಗಿ ಬರುತ್ತವೆ, ಕಥೆ ಮುಂದೆ ಸಾಗುವುದಿಲ್ಲ. ಮೂಲದಲ್ಲಿ ಮೂವರೂ ಸರದಿಯ ಮೇಲೆ ಒಂದೊಂದು ಪದ್ಯ ಹೇಳುತ್ತಾರೆ. ನಾನು ಉಸಿರಿನ ಸಾಲುಗಳನ್ನೇ ಮೂವರಿಗೆ ಹಂಚಿದೆ. ಒಬ್ಬನ ಉಸಿರು ಮುಗಿಯುವ ಕಡೆ ಇನ್ನೊಬ್ಬ ಎತ್ತಿಕೊಳ್ಳಬೇಕು, ಒಂದು ಪದ್ಯ ಮೂರು ಬಾಯಿಗಳಲ್ಲಿ ಹರಿದು ಒಂದೇ ಪದ್ಯವಾಗಿ ಮುಗಿಯಬೇಕು. ಇಪ್ಪತ್ತೆಂಟು ನಿಮಿಷದ ಭಾಗ ಹದಿಮೂರಕ್ಕೆ ಇಳಿಯಿತು, ಒಂದು ಪದವನ್ನೂ ತೆಗೆಯಲಿಲ್ಲ. ಮೂರು ಜೋಡಿ ಕಣ್ಣುಗಳು ಒಂದೇ ದಿಕ್ಕಿಗೆ ಹೊರಳುವಾಗ ಪ್ರೇಕ್ಷಕರ ತಲೆಗಳೂ ಆ ಕಡೆ ಹೊರಳುವುದನ್ನು ನಾನು ಪ್ರತಿ ಊರಿನಲ್ಲಿಯೂ ಕಂಡಿದ್ದೇನೆ. ಈ ಹಂಚಿಕೆಯನ್ನು ಕನ್ನಡದಲ್ಲಿ ನನಗಿಂತ ಮೊದಲು ಯಾರೂ ಮಾಡಿದ್ದನ್ನು ನಾನು ನೋಡಿಲ್ಲವೆಂದು ಹೇಳಲು ನನಗೆ ಹೆಮ್ಮೆಯಿದೆ.

ಇನ್ನೊಂದು ತಿದ್ದುಪಡಿ, ಪದ್ಯವನ್ನು ಯಾರಿಗೆ ಹೇಳುವುದೆಂಬುದು. ಕಂಪನಿ ನಾಟಕದಿಂದ ಬಂದ ನಮ್ಮ ಅಭ್ಯಾಸದಲ್ಲಿ ಪದ್ಯವೆಂದರೆ ಮುಂದೆ ಬಂದು ಸಭೆಗೆ ಹೇಳುವುದು, ಚಪ್ಪಾಳೆಯಾದರೆ ಮತ್ತೊಮ್ಮೆ ಹೇಳುವುದು. ಆ ಪರಂಪರೆಯ ಬಗ್ಗೆ ನನಗೆ ಗೌರವವಿದೆ, ನನ್ನ ಸೋದರಮಾವ ಅದರಲ್ಲೇ ಬಾಳಿದವರು. ಆದರೆ ಸಾಯುತ್ತಿರುವ ದುರ್ಯೋಧನ ಸಭೆಗೆ ಪದ್ಯ ಹೇಳಿದರೆ ಅವನು ಸಾಯುತ್ತಿಲ್ಲವೆಂದೇ ಅರ್ಥ. ಹಾಗಾಗಿ ಪ್ರತಿ ಉಸಿರಿನ ಸಾಲಿನ ಎದುರಿಗೂ ಅದು ಯಾರಿಗೆ ಸಲ್ಲಬೇಕೆಂದು ಬರೆಸಿದೆ: ಬಲರಾಮನ ಪಾದಕ್ಕೆ, ತಂದೆಯ ಕೈಗೆ, ಮಗನ ಮುಖಕ್ಕೆ, ತನ್ನದೇ ತೊಡೆಗೆ.

ರಂಗಕ್ಕೆ ಇಪ್ಪತ್ತು ಅಡಿ ಅಗಲ, ಹದಿನಾರು ಅಡಿ ಆಳದ ಜಾಗ ಸಾಕು. ಒಂದೇ ರಂಗವನ್ನು ಬೇರೆ ಬೇರೆ ಸ್ಥಳಗಳಾಗಿ ಭಾವಿಸಿಕೊಳ್ಳುವ ಕಕ್ಷ್ಯಾವಿಭಾಗವನ್ನು ಪುಸ್ತಕದ ವಿಷಯವೆಂದು ಬಿಟ್ಟವರು ಈ ನಾಟಕದಲ್ಲಿ ಒಮ್ಮೆ ಪ್ರಯತ್ನಿಸಿ ನೋಡಬೇಕು. ಧೃತರಾಷ್ಟ್ರ ಗಾಂಧಾರಿಯರು ಮಗನನ್ನು ಕೂಗುತ್ತ ಹುಡುಕುತ್ತಾರೆ, ಮಗ ಅದೇ ರಂಗದ ಮೇಲೆ ಹತ್ತು ಹನ್ನೆರಡು ಅಡಿ ದೂರದಲ್ಲಿ ಬಿದ್ದಿದ್ದಾನೆ. ಮೊದಲ ಪ್ರಯೋಗದಲ್ಲಿ ಅವರನ್ನು ವಿಂಗಿನಿಂದ ನೇರವಾಗಿ ಕರೆತಂದಿದ್ದೆ, ದೃಶ್ಯ ಸತ್ತುಹೋಗಿತ್ತು. ಈಗ ಅವರು ನಾಲ್ಕು ಸುತ್ತು ಪರಿಕ್ರಮ ಮಾಡುತ್ತಾರೆ, ಮೂರನೆಯ ಸುತ್ತಿನಲ್ಲಿ ಗಾಂಧಾರಿಯ ಸೆರಗು ದುರ್ಯೋಧನನ ಕೈಗೆ ಒಂದು ಗೇಣು ದೂರದಲ್ಲಿ ಹಾದುಹೋಗುತ್ತದೆ, ಅವನು ಎದ್ದು ನಮಸ್ಕರಿಸಲು ಯತ್ನಿಸಿ ಬೀಳುತ್ತಾನೆ. ಆ ಸುತ್ತಿಗೆ ಮದ್ದಳೆಯನ್ನೂ ನಿಲ್ಲಿಸುತ್ತೇನೆ. ದುರ್ಯೋಧನನ ಪಾತ್ರಧಾರಿ ನಲವತ್ತು ನಿಮಿಷ ಸೊಂಟದಿಂದ ಕೆಳಗೆ ಅಲುಗಾಡಬಾರದು. ಮೊದಮೊದಲು ಅವನ ಕಾಲು ಜೋಮು ಹಿಡಿದು ಎರಡು ಬಾರಿ ಪ್ರಯೋಗದ ನಂತರ ಎತ್ತಿಕೊಂಡು ಹೋಗಬೇಕಾಯಿತು. ಈಗ ಮಣೆಯೊಂದನ್ನು ವಸ್ತ್ರದೊಳಗೆ ಇಟ್ಟಿದ್ದೇವೆ, ಅದರ ಆಕಾರವನ್ನು ಮಾತ್ರ ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ನಾಟಕಕ್ಕೆ ಮುಂಚಿನ ವಿಧಿಗಳಾದ ಪೂರ್ವರಂಗವನ್ನು ಪೂರ್ತಿಯಾಗಿ ಮಾಡಬೇಕೆಂಬ ಆಸೆಯಿಂದ ಜರ್ಜರವೆಂಬ ಪೂಜೆಯ ದಂಡ, ಪುಷ್ಪಾಂಜಲಿ, ಮಂಗಳ ಸ್ತುತಿಯಾದ ನಾಂದಿ ಎಲ್ಲವನ್ನೂ ಸೇರಿಸಿ ಒಮ್ಮೆ ಮೂವತ್ತೈದು ನಿಮಿಷ ನಡೆಸಿದೆ. ಶ್ರದ್ಧೆಯಿಂದಲೇ ಮಾಡಿದೆವು, ಆದರೆ ನೋಡುವವರಿಗೆ ಅದು ಪೂಜೆಯಾಯಿತು, ಮಕ್ಕಳು ಮಂಗಳಾರತಿಗೆ ಎದ್ದು ಬಂದರು. ಈಗ ಆರು ನಿಮಿಷ ಮಾತ್ರ. ನಾಂದಿಯ ನಂತರವೇ ಸೂತ್ರಧಾರ ಬರುತ್ತಾನೆಂದು ಭಾಸನ ನಾಟಕಗಳೇ ಆರಂಭದಲ್ಲಿ ಹೇಳುವುದರಿಂದ, ನಾಂದಿಯನ್ನು ತೆರೆಯ ಹಿಂದೆ ಮುಖವೀಣೆಯೆಂಬ ಊದುವ ವಾದ್ಯದಲ್ಲಿ ನುಡಿಸಿ ಮುಗಿಸುತ್ತೇವೆ. ಮುಖವೀಣೆಯವರೂ ಮದ್ದಳೆಯವರೂ ನಮ್ಮ ಸೀಮೆಯ ಮೂಡಲಪಾಯ ಯಕ್ಷಗಾನದ ಮೇಳದಿಂದ ಬಂದವರು. ತೆರೆಯನ್ನು ಇಬ್ಬರು ಕೈಯಲ್ಲಿ ಹಿಡಿಯುತ್ತಾರೆ. ರಂಗದ ಮೇಲೆ ಸಾವನ್ನು ತೋರಿಸಬಾರದೆಂಬ ಶಾಸ್ತ್ರದ ಮಾತನ್ನು ಮೀರಿ ಭಾಸ ದುರ್ಯೋಧನನನ್ನು ಎಲ್ಲರ ಕಣ್ಣೆದುರೇ ಸಾಯಿಸುತ್ತಾನೆ, ಅಲ್ಲಿ ಯವನಿಕೆಯನ್ನು, ಅಂದರೆ ತೆರೆಯನ್ನು, ಹೊದಿಸಬೇಕೆಂಬ ಸೂಚನೆಯಿದೆ. ನಾನು ನಾಟಕ ತೆರೆದ ಅದೇ ತೆರೆಯನ್ನು ಅದೇ ಇಬ್ಬರಿಂದ ಅವನ ಮೇಲೆ ಹೊದಿಸಿದೆ. ಇದಕ್ಕೆ ಒಂದು ಪೈಸೆಯೂ ಖರ್ಚಾಗಲಿಲ್ಲ, ಮತ್ತು ನನ್ನ ಇಪ್ಪತ್ತೆರಡು ವರ್ಷದ ಕೆಲಸದಲ್ಲಿ ನಾನು ಕಟ್ಟಿದ ಅತ್ಯುತ್ತಮ ಚಿತ್ರ ಅದೇ ಎಂದು ನಂಬಿದ್ದೇನೆ.

ಬೆಳಕಿನ ಬಗ್ಗೆ ಬೇಡದಷ್ಟು ಪ್ರಯೋಗ ಮಾಡಿದ್ದೇನೆ. ಎಣ್ಣೆದೀಪ ಮಾತ್ರ ಇಡಬೇಕೆಂದು ಹೊಂಗೆ, ಹರಳು, ಕೊಬ್ಬರಿ ಮೂರೂ ಎಣ್ಣೆಗಳನ್ನು ಸುಟ್ಟು ನೋಡಿದೆ. ಹೊಂಗೆ ಅಗ್ಗ, ಆದರೆ ಹೊಗೆಯಿಂದ ನಟರಿಗೆ ಕೆಮ್ಮು ಬಂತು. ಹರಳೆಣ್ಣೆ ನಿಧಾನವಾಗಿ ಉರಿಯುತ್ತದೆ, ಬೆಳಕು ಮಂದ. ಕೊಬ್ಬರಿ ಎಣ್ಣೆ ಚೆನ್ನ, ಒಂದು ಪ್ರಯೋಗಕ್ಕೆ ಮೂರೂವರೆ ಲೀಟರು ಬೇಕು, ಗಾಳಿ ಬಂದರೆ ಎಲ್ಲವೂ ವ್ಯರ್ಥ. ಈಗ ಎರಡು ದೊಡ್ಡ ದೀಪಗಳು ಮುಂದೆ, ನಾಲ್ಕು ಹಳೆಯ ಹ್ಯಾಲೊಜನ್ ದೀಪಗಳು ಮೇಲೆ, ಅವುಗಳ ಬೆಳಕು ನಾಟಕದುದ್ದಕ್ಕೂ ಬದಲಾಗುವುದಿಲ್ಲ. ಉಡುಪಿನಲ್ಲಿ ಮಾತ್ರ ದೊಡ್ಡ ಉಳಿತಾಯವಾಯಿತು. ಮಲೆನಾಡಿನ ಗೆಳೆಯರೊಬ್ಬರು ಅಡಿಕೆ ಬೇಯಿಸಿ ಉಳಿದ ಚೊಗರನ್ನು ಎರಡು ಕ್ಯಾನು ಕಳುಹಿಸಿದರು, ಅದರಲ್ಲಿ ಕೈಮಗ್ಗದ ಹತ್ತಿಬಟ್ಟೆಯನ್ನು ಅದ್ದಿದಾಗ ಒಣಗಿದ ರಕ್ತದಂಥ ಕೆಂಗಂದು ಬಣ್ಣ ಬಂತು. ಹನ್ನೊಂದು ಜನರ ಉಡುಪಿಗೆ ಸುಮಾರು ಒಂಬತ್ತು ಸಾವಿರವಾಯಿತು, ಒಂದೇ ಬಾರಿ, ಇಂದಿಗೂ ಅದೇ ನಡೆಯುತ್ತಿದೆ. ಕೈಗೂಡದ ಪ್ರಯೋಗವೂ ಒಂದಿದೆ: ಉಸಿರಿನ ಹಂಚಿಕೆಯನ್ನು ಬಿ.ಎಂ.ಶ್ರೀಯವರ ‘ಅಶ್ವತ್ಥಾಮನ್’ ನಾಟಕದಲ್ಲಿ ಮೇಳ, ಅಂದರೆ ಒಟ್ಟಾಗಿ ನುಡಿಯುವ ಗುಂಪು, ಹೇಳುವ ಪದ್ಯಗಳಿಗೂ ಅನ್ವಯಿಸಲು ಏಳು ದನಿಗಳನ್ನಿಟ್ಟುಕೊಂಡು ಎರಡು ತಿಂಗಳು ಹೆಣಗಿದೆ. ಗ್ರೀಕ್ ಮೇಳದ ಮಾದರಿಯಲ್ಲಿ ಒಟ್ಟಿಗೆ ನುಡಿಯಬೇಕಾದ ಕಡೆ ಏಳು ಜನರ ಉಸಿರು ಒಂದೇ ಕಡೆ ಮುಗಿದು ದೊಡ್ಡ ಬಿರುಕು ಬೀಳುತ್ತದೆ. ನಾಲ್ಕು ಮತ್ತು ಮೂರಾಗಿ ಒಡೆದಾಗ ಸ್ವಲ್ಪ ಸುಧಾರಿಸಿತು, ಆದರೆ ಇನ್ನೂ ಕೈಗೆ ಹತ್ತಿಲ್ಲ.

ಮರುಹುಟ್ಟಿನ ಮೊದಲ ಪ್ರಯೋಗ 2018ರ ಮಾರ್ಚಿನಲ್ಲಿ, ಅರಸೀಕೆರೆಯ ಕಡೆಯ ಒಂದು ಹಳ್ಳಿಯ ಶಾಲೆಯ ಅಂಗಳದಲ್ಲಿ ನಡೆಯಿತು. ಮೈಕಿಲ್ಲವೆಂದು ಊರಿನವರು ಮುನಿಸಿಕೊಂಡಿದ್ದರು. ಮುನ್ನೂರರ ಹತ್ತಿರ ಜನ, ಎಪ್ಪತ್ತು ನಿಮಿಷ. ದುರ್ಯೋಧನನ ಪುಟ್ಟ ಮಗ ದುರ್ಜಯ ಓಡಿಬಂದು ಅಪ್ಪನ ತೊಡೆಯೇರಲು ಹೋಗಿ, ಅಪ್ಪ ತಡೆದಾಗ, ಮುಂದಿನ ಸಾಲಿನಲ್ಲಿದ್ದ ಅಜ್ಜಿಯೊಬ್ಬರು ಗಟ್ಟಿಯಾಗಿ, “ಅಯ್ಯೋ, ಒಂದ್ಸಲ ಕೂರಿಸ್ಕಳಪ್ಪ ಮಗೂನ” ಎಂದರು. ಆ ಮಾತಿಗೆ ಯಾರೂ ನಗಲಿಲ್ಲ. ನಾನು ನೇಪಥ್ಯದಲ್ಲಿ ತೆರೆಯ ಕೋಲು ಹಿಡಿದು ನಿಂತಿದ್ದವನು ಅತ್ತುಬಿಟ್ಟೆ. ನಾಟಕ ಮುಗಿದ ಮೇಲೆ ಊರಿನ ಯಜಮಾನರು ಬಂದು, “ಮೇಷ್ಟ್ರೇ, ಪದಗಳೆಲ್ಲ ತಿಳೀಲಿಲ್ಲ, ಆದ್ರೆ ಏನ್ ಹೇಳ್ತಾವ್ನೆ ಅಂತ ತಿಳೀತು” ಎಂದರು. ಎಂಟು ತಿಂಗಳ ಉಸಿರಿನ ಲೆಕ್ಕಕ್ಕೆ ನನಗೆ ಅಷ್ಟು ಸಾಕಾಗಿತ್ತು. ಬೇಡವೆಂದಿದ್ದ ಹಿರಿಯರಲ್ಲೊಬ್ಬರು ಮರುವರ್ಷ ತಾವೇ ಬಂದು ನೋಡಿ, ತಮ್ಮ ಶಿಷ್ಯರಿಬ್ಬರನ್ನು ನನ್ನ ತಾಲೀಮಿಗೆ ಕಳುಹಿಸಿದರು.

ದುಡ್ಡಿನ ಮಟ್ಟಿಗೆ ಹೇಳುವುದಾದರೆ, ಆಗ ಪ್ರಯೋಗಕ್ಕೆ ಹದಿನೆಂಟು ಸಾವಿರ ಕೇಳುತ್ತಿದ್ದೆ, ಈಗ ದೂರವನ್ನು ನೋಡಿಕೊಂಡು ಮೂವತ್ತೈದರಿಂದ ನಲವತ್ತು. ವ್ಯಾನಿಗೆ ಏಳೆಂಟು ಸಾವಿರ, ನಟರಿಗೂ ಹಿಮ್ಮೇಳಕ್ಕೂ ತಲಾ ಒಂದೂವರೆ ಸಾವಿರ, ಎಣ್ಣೆ, ಬಣ್ಣ, ದುರಸ್ತಿ ಎಂದು ಒಂದೂವರೆ ಸಾವಿರ ಹೋದರೆ, ಐದಾರು ಸಾವಿರ ತಂಡದ ಖಾತೆಯಲ್ಲಿ ಉಳಿಯುತ್ತದೆ. ಊಟ, ವಸತಿ ಕರೆಸಿದವರದು. ದೊಡ್ಡ ಹಣವಲ್ಲ, ಆದರೆ ಐದು ವರ್ಷದಿಂದ ನಾನು ಯಾರಲ್ಲೂ ಸಾಲ ಮಾಡಿಲ್ಲ. ಕೊರೊನಾದ ಎರಡು ವರ್ಷ ಒಂದು ಪ್ರಯೋಗವೂ ಆಗಲಿಲ್ಲ, ಆಗ ಫೋನಿನಲ್ಲಿ ದಿನಕ್ಕೆ ನಾಲ್ಕು ಪದ್ಯದಂತೆ ಹೇಳಿಸುತ್ತಿದ್ದೆ. ಮೈ ಬಿಗಿದಿತ್ತು, ಉಸಿರು ಮಾತ್ರ ಮರೆತಿರಲಿಲ್ಲ. ಬಲರಾಮನ ಪಾತ್ರಧಾರಿ ಧಾರಾವಾಹಿಗೆ ಹೋದದ್ದು ನಿಜವಾದ ನಷ್ಟ, ಅವನ ಜಾಗಕ್ಕೆ ಬಂದವನನ್ನು ಆ ಏಳು ವಾರಗಳ ದಾರಿಯಲ್ಲಿಯೇ ಮೊದಲಿನಿಂದ ನಡೆಸಬೇಕಾಯಿತು.

ಈಗಿನ ಚಿಂತೆ ದುರ್ಜಯನ ಪಾತ್ರದ್ದು. ಮೊದಲ ಹುಡುಗನಿಗೆ ಏಳು ವರ್ಷವಿತ್ತು, ಅವನೀಗ ಕಾಲೇಜಿನ ಮೆಟ್ಟಿಲಲ್ಲಿದ್ದಾನೆ ಮತ್ತು ಮೊದಲ ಭಟನ ಪದ್ಯಗಳನ್ನು ಕಲಿಯುತ್ತಿದ್ದಾನೆ. ಎರಡನೆಯವನೂ ಕಳೆದ ದಸರೆಯ ಹೊತ್ತಿಗೆ ದುರ್ಯೋಧನನ ಭುಜಕ್ಕೆ ಬಂದುಬಿಟ್ಟ. ತೊಡೆಯೇರಲು ಹೋಗುವ ಮಗು ತೊಡೆಯ ಅಳತೆಗೆ ಇರಬೇಕು. ಮದ್ದಳೆಯವರ ಮೊಮ್ಮಗಳೊಬ್ಬಳು ತಾಲೀಮಿಗೆ ಬಂದು ಕೂರುತ್ತಾಳೆ, ಆರು ವರ್ಷ, ಹೇಳಿಕೊಡದೆಯೇ ದುರ್ಜಯನ ಮಾತುಗಳನ್ನೆಲ್ಲ ಕಲಿತಿದ್ದಾಳೆ, ಉಸಿರೆಳೆಯುವ ಜಾಗಗಳ ಸಮೇತ. ಸಂಕ್ರಾಂತಿ ಕಳೆದ ಸೋಮವಾರದಿಂದ ಅವಳನ್ನು ರಂಗಕ್ಕೆ ಇಳಿಸುತ್ತಿದ್ದೇನೆ.